ಸಿವಿಲ್ ಕೇಸಿನಲ್ಲಿ ಸಾಕ್ಷಿಯನ್ನು ಕರೆಸುವುದು ಹೇಗೆ?

ಅಪ್ಪ ಬರೆದಿಟ್ಟ ಉಯಿಲಿನ ಮೇಲೆ ನಿಮ್ಮ ಜಮೀನಿನ ಕೇಸು ನಿಂತಿದೆ ಎಂದುಕೊಳ್ಳಿ. ಉಯಿಲು ರಿಜಿಸ್ಟರ್ ಆಗಿದ್ದರೂ ಅಷ್ಟರಿಂದಲೇ ಅದು ರುಜುವಾತಾಗುವುದಿಲ್ಲ. ಅದಕ್ಕೆ ಸಾಕ್ಷಿ ಸಹಿ ಹಾಕಿದವರು ಬದುಕಿದ್ದು, ಬರುವ ಸ್ಥಿತಿಯಲ್ಲಿದ್ದರೆ, ಒಬ್ಬರಾದರೂ ಕೋರ್ಟಿನಲ್ಲಿ ಹೇಳಿಕೆ ಕೊಡಬೇಕು. ಆದರೆ ಅವರು ಈಗ ಎದುರು ಪಕ್ಷದ ಕಡೆ ವಾಲಿದ್ದಾರೆ, ‘ನಾನು ಬರಲ್ಲ’ ಎನ್ನುತ್ತಿದ್ದಾರೆ. ಸಮನ್ಸ್, ಅಂದರೆ ಸಾಕ್ಷಿ ಬರಲೇಬೇಕೆಂದು ಕೋರ್ಟ್ ಕಳಿಸುವ ಆದೇಶ, ಇರುವುದು ಇಂಥ ಹೊತ್ತಿಗೇ.

ಮೊದಲು ತಾರೀಖಿನ ಕಡೆ ಗಮನ ಕೊಡಿ. ಕೇಸಿನಲ್ಲಿ ತೀರ್ಮಾನವಾಗಬೇಕಾದ ವಿವಾದಾಂಶಗಳನ್ನು ಕೋರ್ಟ್ ಗೊತ್ತುಮಾಡಿದ ಮೇಲೆ, ಹೆಚ್ಚೆಂದರೆ 15 ದಿನದೊಳಗೆ ಸಾಕ್ಷಿಗಳ ಪಟ್ಟಿ ಕೊಡಬೇಕು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 16ನೇ ಆದೇಶ (ಆರ್ಡರ್ 16 ಎಂಬ ಅಧ್ಯಾಯ) ಹೀಗೆ ಹೇಳುತ್ತದೆ. ಪಟ್ಟಿಯಲ್ಲಿ ಇಲ್ಲದವರಿಗೆ ಆಮೇಲೆ ಸಮನ್ಸ್ ಬೇಕೆಂದರೆ, ಹೆಸರು ಬಿಟ್ಟುಹೋದದ್ದಕ್ಕೆ ಸರಿಯಾದ ಕಾರಣ ಹೇಳಿ ಅನುಮತಿ ಪಡೆಯಬೇಕು. ಸುಮ್ನೆ ಯಾಕೆ ಆ ತೊಂದರೆ? ತಾವಾಗಿಯೇ ಬರುವವರಿಗೆ ಸಮನ್ಸ್ ಬೇಕಿಲ್ಲ, ಆದರೂ ಅವರ ಹೆಸರನ್ನೂ ಪಟ್ಟಿಗೆ ಸೇರಿಸಿಬಿಡಿ.

ಪಟ್ಟಿ ಕೊಟ್ಟ 5 ದಿನದೊಳಗೆ ಸಮನ್ಸಿಗೆ ಅರ್ಜಿ ಹಾಕಬೇಕು. ಸಾಕ್ಷಿಯನ್ನು ಏತಕ್ಕೆ ಕರೆಸುತ್ತಿದ್ದೀರಿ ಎಂದು ಅದರಲ್ಲಿ ಬಿಡಿಸಿ ಬರೆಯಿರಿ: ಯಾವ ಉಯಿಲು, ಯಾವ ತಾರೀಖು, ಅವರು ಏನನ್ನು ಕಂಡವರು. ಕೇವಲ ದಾಖಲೆ ಬೇಕಿದ್ದರೆ ದಾಖಲೆಗಷ್ಟೇ ಸಮನ್ಸ್ ಕೇಳಬಹುದು. ಆಗ ಅವರು ಅದನ್ನು ಬೇರೆಯವರ ಕೈಯಲ್ಲಿ ಕಳಿಸಿದರೂ ನಡೆಯುತ್ತದೆ. ದೃಢೀಕೃತ ನಕಲೇ ಸಾಕಾಗುವ ಕಡೆ ಕಚೇರಿಯ ನೌಕರರನ್ನು ಕೋರ್ಟಿಗೆ ಎಳೆಯಬೇಡಿ.

ಸಾಕ್ಷಿಯ ಪ್ರಯಾಣದ ಖರ್ಚು ಮತ್ತು ಒಂದು ದಿನದ ಬತ್ತೆಯನ್ನು ನೀವೇ ಕೋರ್ಟಿಗೆ ಕಟ್ಟಬೇಕು, ಅರ್ಜಿ ಹಾಕಿದ 7 ದಿನದೊಳಗೆ. ಸಮನ್ಸನ್ನು ಕೋರ್ಟಿನ ಸಿಬ್ಬಂದಿಯಾದ ಅಮೀನರು ಜಾರಿ ಮಾಡುತ್ತಾರೆ. ಕೋರ್ಟ್ ಒಪ್ಪಿದರೆ ನೀವೇ ಒಯ್ದು ಕೊಡಲೂಬಹುದು. ಮುನಿಸಿಕೊಂಡಿರುವ ಸಾಕ್ಷಿಯ ಮನೆಗೆ ಮಾತ್ರ ನೀವು ಹೋಗದಿರುವುದೇ ಒಳ್ಳೆಯದು. ಅಲ್ಲಿ ಮಾತು ಬೆಳೆದರೆ ಕೇಸಿಗೇ ಪೆಟ್ಟು.

ದೂರವನ್ನೂ ಲೆಕ್ಕ ಹಾಕಿ. ಕೇಸು ನಡೆಯುವ ಕೋರ್ಟಿನ ವ್ಯಾಪ್ತಿಯ ಹೊರಗಿರುವವರು 100 ಕಿ.ಮೀ.ಗಿಂತ ಹತ್ತಿರ ಇದ್ದರೆ ಬರಲೇಬೇಕು. ದಾರಿಯ ಆರರಲ್ಲಿ ಐದು ಪಾಲಿಗೆ ರೈಲು ಅಥವಾ ಬಸ್ಸು ಇದ್ದರೆ ಈ ಮಿತಿ 500 ಕಿ.ಮೀ. ಬೀದರ್‌ನಲ್ಲಿರುವವರನ್ನು ಬೆಂಗಳೂರಿನ ಕೋರ್ಟಿಗೆ ಬನ್ನಿ ಎಂದು ಸಾಮಾನ್ಯವಾಗಿ ಬಲವಂತ ಮಾಡಲಾಗದು. ಅಂಥವರ ಹೇಳಿಕೆಯನ್ನು, ಅದನ್ನು ಬರೆದುಕೊಳ್ಳಲೆಂದೇ ಕೋರ್ಟ್ ನೇಮಿಸುವ ಕಮಿಷನರ್ ಮೂಲಕ ಪಡೆಯಬಹುದು.

ಇನ್ನೊಂದು ಸಂಗತಿ ಹೆಚ್ಚಿನವರಿಗೆ ಗೊತ್ತಿರುವುದಿಲ್ಲ. ಸಿವಿಲ್ ಕೇಸಿನಲ್ಲಿ ಮುಖ್ಯ ವಿಚಾರಣೆ, ಅಂದರೆ ಸಾಕ್ಷಿಯನ್ನು ಕರೆಸಿದ ಪಕ್ಷವೇ ಮೊದಲು ಮಾಡುವ ವಿಚಾರಣೆ, ಅಫಿಡವಿಟ್ (ಪ್ರಮಾಣ ಮಾಡಿ ಸಹಿ ಹಾಕಿದ ಲಿಖಿತ ಹೇಳಿಕೆ) ಮೂಲಕವೇ ನಡೆಯುತ್ತದೆ. ನಿಮ್ಮ ಮೇಲೆ ಮುನಿದವರು ನಿಮ್ಮ ವಕೀಲರು ಬರೆದ ಅಫಿಡವಿಟ್‌ಗೆ ಸಹಿ ಹಾಕುತ್ತಾರಾ? ಇಲ್ಲ ಅಲ್ವಾ. ಅದಕ್ಕೇ ಸಮನ್ಸ್ ಮೇಲೆ ಬಂದ ಸಾಕ್ಷಿಗೆ ಅಫಿಡವಿಟ್ ಕಡ್ಡಾಯವಲ್ಲ ಎಂದು ಸುಪ್ರೀಂ ಕೋರ್ಟ್ 2002ರಲ್ಲಿ ಸ್ಪಷ್ಟಪಡಿಸಿದೆ. ಅವರನ್ನು ಕೋರ್ಟಿನಲ್ಲೇ ಬಾಯಿಮಾತಿನಲ್ಲಿ ವಿಚಾರಿಸಬಹುದು. ಎದುರು ಪಕ್ಷದ ವಕೀಲರು ಮಾಡುವ ಪಾಟಿ ಸವಾಲು ಆಮೇಲೆ ನಡೆಯುತ್ತದೆ.

ಸಮನ್ಸ್ ತಲುಪಿಯೂ ಸಕಾರಣವಿಲ್ಲದೆ ಬಾರದಿದ್ದರೆ ಕೋರ್ಟ್ ವಾರಂಟ್ ಹೊರಡಿಸಬಹುದು, ಆಸ್ತಿ ಜಪ್ತಿ ಮಾಡಬಹುದು, 5,000 ರೂಪಾಯಿವರೆಗೆ ದಂಡವನ್ನೂ ಹಾಕಬಹುದು. ವಾರಂಟ್ ಕೇಳುವ ಮೊದಲು ಸಮನ್ಸ್ ಜಾರಿಯಾದ ವರದಿ ಕೋರ್ಟಿನ ಕಡತದಲ್ಲಿದೆಯೇ ಎಂದು ವಕೀಲರಿಂದ ನೋಡಿಸಿಕೊಳ್ಳಿ.