ರೊಮೇನಿಯಾದ ಮೂಕಿ ಕಾಲದ ನಟರ ಜಾಡು ಹಿಡಿಯೋದು ಹೇಗೆ?

ಮೊದಲೇ ಹೇಳಿಬಿಡುತ್ತೇನೆ, ಸಿನಿಮಾ ಪಟ್ಟಿಯಿಂದ ಶುರು ಮಾಡಬೇಡಿ. ರೊಮೇನಿಯಾದ ಹಳೇ ನಟರ ಹೆಸರು ಹಾಕಿ ಹುಡುಕಿದರೆ ಎರಡೋ ಮೂರೋ ಚಿತ್ರ ಸಿಗುತ್ತವೆ, ಇಷ್ಟೇನಾ ಅಂತ ಬೇಜಾರಾಗುತ್ತದೆ. ಅವರೆಲ್ಲ ನಾಟಕದವರು. ಅನ್ನ ಹಾಕಿದ್ದು ರಂಗಭೂಮಿ, ಸಿನಿಮಾ ನಡುವೆ ಬಂದುಹೋದ ನೆಂಟ. ಹಾಗಾಗಿ ಯಾವ ನಾಟಕ, ಯಾವ ಥಿಯೇಟರ್ ಅಂತ ಮೊದಲು ನೋಡಿ. ಬುಕಾರೆಸ್ಟ್‌ನ ರಾಷ್ಟ್ರೀಯ ಥಿಯೇಟರ್‌ನಿಂದ ಆರಂಭಿಸಿದರೆ ಅರ್ಧ ಕೆಲಸ ಮುಗಿದ ಹಾಗೆ.

ಆಮೇಲೆ ಒಂದೇ ಒಂದು ಚಿತ್ರವನ್ನು ಕೂತು ಪೂರ್ತಿ ನೋಡಿ. 1912ರಲ್ಲಿ ಬಂದ 'ಇಂಡಿಪೆಂಡೆಂಟಾ ರೊಮಾನಿಯೆಯ್', ಅಂದರೆ 'ರೊಮೇನಿಯಾದ ಸ್ವಾತಂತ್ರ್ಯ'. 1877ರ ಯುದ್ಧದಲ್ಲಿ ಟರ್ಕರ ವಿರುದ್ಧ ಹೋರಾಡಿದ ಕತೆ. ಮೂಲದಲ್ಲಿ ಸುಮಾರು 2 ಗಂಟೆ ಇತ್ತು, ಈಗ ಉಳಿದಿರುವುದು 80 ನಿಮಿಷದ ಆಸುಪಾಸು. ಯುದ್ಧದ ದೃಶ್ಯಗಳಿಗೆ ಸೇನೆಯೇ ನಿಜವಾದ ಸೈನಿಕರನ್ನು ಕೊಟ್ಟಿತ್ತು. ಪ್ಲೆವ್ನಾ ಕೋಟೆ ಕಾಯುವ ಟರ್ಕರ ಸೇನಾಪತಿ ಒಸ್ಮಾನ್ ಪಾಷಾ ಆಗಿ ಕಾನ್‌ಸ್ಟಾಂಟಿನ್ ನೊಟ್ಟಾರಾ, ದೊರೆ ಒಂದನೇ ಕರೋಲ್ ಆಗಿ ಅರಿಸ್ಟಿಡೆ ಡೆಮೆಟ್ರಿಯಾಡೆ. ಇಬ್ಬರೂ ಆ ಕಾಲದ ರಂಗಭೂಮಿಯ ದೊಡ್ಡ ಹೆಸರು. ಕ್ಯಾಮೆರಾ ದೂರದಲ್ಲಿ ನಿಂತಿರುತ್ತದೆ, ಮುಖ ಸರಿಯಾಗಿ ಕಾಣುವುದಿಲ್ಲ, ಅದಕ್ಕೇ ಕಣ್ಣು ಮೂಗು ಹುಡುಕುತ್ತಾ ಕೂರಬೇಡಿ. ಹೇಗೆ ನಿಲ್ಲುತ್ತಾರೆ, ಕೈ ಎಷ್ಟು ಎತ್ತುತ್ತಾರೆ, ಹಿಂದಿನ ಸಾಲಿನ ಪ್ರೇಕ್ಷಕನಿಗೂ ಮುಟ್ಟಬೇಕು ಅನ್ನುವ ಅಭ್ಯಾಸ ಎಲ್ಲೆಲ್ಲಿ ಇಣುಕುತ್ತದೆ ಅಂತ ನೋಡಿ. ನನಗಂತೂ ಎರಡನೇ ಸಲ ನೋಡಿದಾಗಲೇ ರುಚಿ ಹತ್ತಿದ್ದು.

ಈ ಚಿತ್ರದ ನಿರ್ದೇಶಕರ ಹೆಸರು ಕಂಡಕಂಡಲ್ಲಿ ಬೇರೆ ಇರುತ್ತದೆ. ಕೆಲವರು ಗ್ರಿಗೋರೆ ಬ್ರೆಝೆಯಾನು ಅನ್ನುತ್ತಾರೆ, ಕೆಲವರು ಡೆಮೆಟ್ರಿಯಾಡೆ. ಗಾಬರಿ ಬೇಡ, ಎರಡನ್ನೂ ಬರೆದಿಟ್ಟುಕೊಳ್ಳಿ.

ಇನ್ನು ಹೆಸರಿನ ಗೋಜಲು. ರೊಮೇನಿಯನ್ ಲಿಪಿಯಲ್ಲಿ ಕೆಲವು ಅಕ್ಷರಗಳ ಕೆಳಗೆ ಅಲ್ಪವಿರಾಮದಂಥ ಗುರುತು ಬರುತ್ತದೆ, ಅದನ್ನು ಹಾಕಿಯೂ ಹುಡುಕಿ, ಬಿಟ್ಟೂ ಹುಡುಕಿ. ನೊಟ್ಟಾರಾ ಅಂತ ಹುಡುಕಿದರೆ ಮಗನೂ ಬರುತ್ತಾನೆ, ಅವನ ಹೆಸರೂ ಕಾನ್‌ಸ್ಟಾಂಟಿನ್ನೇ, ಸಂಗೀತಗಾರ. ಅಪ್ಪ ಸಿ. ಐ., ಮಗ ಸಿ. ಸಿ.; ಇಷ್ಟು ನೆನಪಿದ್ದರೆ ಸಾಕು. ಬುಕಾರೆಸ್ಟ್‌ನಲ್ಲಿ ಇವತ್ತಿಗೂ ಅಪ್ಪನ ಹೆಸರಿನ ಥಿಯೇಟರ್ ಇದೆ.

ತಾರೀಖು ಹೊಂದದಿದ್ದರೆ ತಪ್ಪು ನಿಮ್ಮದಲ್ಲ. ರೊಮೇನಿಯಾ 1919ರವರೆಗೂ ಹಳೇ ಜೂಲಿಯನ್ ಕ್ಯಾಲೆಂಡರ್ ಇಟ್ಟುಕೊಂಡಿತ್ತು. ಆ ವರ್ಷ ಮಾರ್ಚ್ 31 ಆದ ಮಾರನೇ ದಿನವೇ ಏಪ್ರಿಲ್ 14! ಹತ್ತೊಂಬತ್ತನೇ ಶತಮಾನದ ತಾರೀಖಿಗೆ 12 ದಿನ ಸೇರಿಸಿ, ಆಮೇಲಿನದ್ದಕ್ಕೆ 13. ಪ್ಲೆವ್ನಾ ಹತ್ತಿರದ ಗ್ರಿವಿತ್ಸಾ ಕಾಳಗ ಒಂದು ಕಡೆ ಆಗಸ್ಟ್ 30, ಇನ್ನೊಂದು ಕಡೆ ಸೆಪ್ಟೆಂಬರ್ 11 ಅಂತ ಇರುವುದು ಇದಕ್ಕೇ.

ದೇಶ ಬಿಟ್ಟುಹೋದವರ ಜಾಡು ಇನ್ನೂ ಮಜಾ. ಎಲ್ವಿರಾ ಪೊಪೆಸ್ಕು ಅವರನ್ನೇ ತಗೊಳ್ಳಿ. 1894ರಲ್ಲಿ ಬುಕಾರೆಸ್ಟ್‌ನಲ್ಲಿ ಹುಟ್ಟಿದವರು. 1923ರಲ್ಲಿ 'ತ್ಸಿಗಂಕುಶಾ ದೆ ಲಾ ಯಾತಾಕ್' ಅನ್ನುವ ಮೂಕಿಯಲ್ಲಿದ್ದರು, ಅದೇ ವರ್ಷ ಪ್ಯಾರಿಸ್ ರಂಗಭೂಮಿಯಲ್ಲಿ 'ವಾರ್ಸಾದ ನನ್ನ ಕಸಿನ್' ನಾಟಕ ಆಡಿದರು. ಅಲ್ಲಿಂದ ಹೆಸರು ಎಲ್ವಿರ್ ಪೊಪೆಸ್ಕೋ. ಹಳೇ ಹೆಸರಿನಲ್ಲೇ ಹುಡುಕುತ್ತಾ ಕೂತರೆ 1923ಕ್ಕೆ ಕತೆ ಮುಗಿದುಹೋಯಿತು ಅಂದುಕೊಳ್ಳುತ್ತೀರಿ. ಆದರೆ ಅವರು ಬದುಕಿದ್ದು 1993ರವರೆಗೆ, ಪ್ಯಾರಿಸ್‌ನಲ್ಲಿ ಥಿಯೇಟರ್‌ಗಳನ್ನೇ ನಡೆಸಿದವರು! 1933ರಲ್ಲಿ 'ತೊವಾರಿಚ್' ನಾಟಕದಲ್ಲಿ ಮೆರೆದರು, ಎರಡು ವರ್ಷದ ಮೇಲೆ ಅದು ಸಿನಿಮಾ ಆದಾಗ ಆ ಪಾತ್ರ ಬೇರೆ ನಟಿಗೆ ಹೋಯಿತು. ಬರೀ ಸಿನಿಮಾ ಪಟ್ಟಿ ನೋಡಿದವರಿಗೆ ಆ ಯಶಸ್ಸಿನ ಸುಳಿವೇ ಸಿಗುವುದಿಲ್ಲ, ಅಲ್ವಾ?

'ವಾರ್ಸಾದ ಕಸಿನ್' 1931ರಲ್ಲಿ ಟಾಕಿ ಆದಾಗ ಮಾತ್ರ ಪಾತ್ರ ಅವರದ್ದೇ. ಫ್ರೆಂಚ್ ಬರದಿದ್ದರೂ ಪರವಾಗಿಲ್ಲ, ದನಿ ಜಾಸ್ತಿ ಇಟ್ಟುಕೊಂಡು ನೋಡಿ. ಅವರು ರಕಾರ ಉರುಳಿಸುವುದನ್ನು ಕೇಳಿ. ಪ್ಯಾರಿಸ್‌ನವರು ಮರುಳಾದದ್ದು ಅದಕ್ಕೇ.