ಆಸ್ಟ್ರೇಲಿಯಾದ ತರಗತಿಗಳಲ್ಲಿ ಮೂಲನಿವಾಸಿಗಳ ಚರಿತ್ರೆ ಮತ್ತು ಭಾಷೆಯನ್ನು ಕಲಿಸುವ ಬಗೆ

ಶಾಲೆ ನಿಂತಿರುವ ನೆಲ ಯಾವ ಸಮುದಾಯದ್ದು, ಅವರ ಭಾಷೆ ಯಾವುದು ಎಂಬುದನ್ನು ಶಿಕ್ಷಕರು ಮೊದಲು ತಿಳಿದುಕೊಳ್ಳಬೇಕು. ಯುರೋಪಿಯನ್ನರು ಬರುವ ಮುನ್ನ ಆಸ್ಟ್ರೇಲಿಯಾದಲ್ಲಿ 250ಕ್ಕೂ ಹೆಚ್ಚು ಭಾಷೆಗಳಿದ್ದುದರಿಂದ, ಮೂಲನಿವಾಸಿಗಳೆಲ್ಲರನ್ನೂ ಒಂದೇ ಜನಾಂಗವೆಂಬಂತೆ ಪಾಠ ಮಾಡುವುದು ದೊಡ್ಡ ತಪ್ಪಾಗುತ್ತದೆ.

ನಂತರ ಒಂದೇ ಸ್ಥಳವನ್ನು ಆರಿಸಿಕೊಂಡು ಆಳಕ್ಕಿಳಿಯುವುದು ಒಳ್ಳೆಯದು. ಉದಾಹರಣೆಗೆ, ಮಧ್ಯ ಆಸ್ಟ್ರೇಲಿಯಾದ ಉಲುರು ಎಂಬ ಬೃಹತ್ ಬಂಡೆಯ ಚಿತ್ರವನ್ನು ಮಕ್ಕಳ ಮುಂದಿಟ್ಟು, 1873ರಲ್ಲಿ ಅದಕ್ಕೆ 'ಏರ್ಸ್ ರಾಕ್' ಎಂಬ ಹೆಸರನ್ನು ಯಾರು, ಯಾರ ಗೌರವಾರ್ಥ ಇಟ್ಟರು, 1985ರಲ್ಲಿ ಆ ನೆಲದ ಒಡೆತನ ಅಲ್ಲಿನ ಮೂಲನಿವಾಸಿಗಳಾದ ಅನಂಗು ಜನರಿಗೆ ಹೇಗೆ ಮರಳಿತು, 2019ರಲ್ಲಿ ಬಂಡೆ ಹತ್ತುವುದನ್ನು ಏಕೆ ನಿಲ್ಲಿಸಲಾಯಿತು ಎಂದು ಅವರಿಂದಲೇ ಹುಡುಕಿಸಬೇಕು. ಅಲ್ಲಿನ ಕೆಲವು ಪವಿತ್ರ ತಾಣಗಳ ಛಾಯಾಚಿತ್ರ ತೆಗೆಯಬಾರದೆಂದು ಅನಂಗು ಜನರು ಕೇಳಿಕೊಳ್ಳುತ್ತಾರೆ. ಎಲ್ಲ ತಿಳಿವಳಿಕೆಯೂ ಎಲ್ಲರಿಗೂ ತೆರೆದಿಟ್ಟದ್ದಲ್ಲ ಎಂಬುದನ್ನು ಮಕ್ಕಳು ಇದರಿಂದ ಚೆನ್ನಾಗಿ ಅರಿಯಬಲ್ಲರು.

ಹಾಗೆಯೇ, ಸಮುದಾಯದ ಕತೆ, ಹಾಡು, ಚಿತ್ರಗಳನ್ನು ಬಳಸುವ ಮುನ್ನ ಹಿರಿಯರ ಒಪ್ಪಿಗೆ ಪಡೆಯಬೇಕು. ಅವರನ್ನು ತರಗತಿಗೆ ಆಹ್ವಾನಿಸಿದಾಗ ತಕ್ಕ ಗೌರವಧನವನ್ನೂ ಕೊಡಬೇಕು. ಸ್ಥಳೀಯ ಭಾಷೆಯ ವಂದನೆ, ಗಿಡಮರಗಳ ಹೆಸರುಗಳು ಸಮುದಾಯದವರ ಉಚ್ಚಾರಣೆಯಲ್ಲೇ ದಿನನಿತ್ಯ ಬಳಕೆಯಾಗಲಿ.

ಮೂಲನಿವಾಸಿ ಮಕ್ಕಳನ್ನು ಸರ್ಕಾರ ಹೆತ್ತವರಿಂದ ಬಲವಂತವಾಗಿ ಬೇರ್ಪಡಿಸಿದ ಚರಿತ್ರೆಯನ್ನು ಮರೆಮಾಚದೆ, ವಯಸ್ಸಿಗೆ ತಕ್ಕಂತೆ ಹೇಳಬೇಕು. 2008ರ ಫೆಬ್ರವರಿ 13ರಂದು ಆಗಿನ ಪ್ರಧಾನಿ ಕೆವಿನ್ ರಡ್ ಇದಕ್ಕಾಗಿ ಸಂಸತ್ತಿನಲ್ಲಿ ಕೋರಿದ ಕ್ಷಮೆಯನ್ನು ದೊಡ್ಡ ತರಗತಿಗಳಲ್ಲಿ ಓದಿಸಬಹುದು. ತರಗತಿಯಲ್ಲಿ ಮೂಲನಿವಾಸಿ ವಿದ್ಯಾರ್ಥಿ ಇದ್ದರೆ, ಇಡೀ ಸಮುದಾಯದ ಪರವಾಗಿ ಮಾತನಾಡುವ ಹೊರೆಯನ್ನು ಆ ಮಗುವಿನ ಮೇಲೆ ಎಂದಿಗೂ ಹೊರಿಸಬಾರದು.