ಗಿಡ್ಡ ಮುತ್ಯಾನ ಕುಂಚಿಗಿ: ಕೂಸುಗಳಿಗಾಗಿ 4 ನಿಮಿಷದ ಸಿನಿಮಾ

“ಕಾರ್ಟೂನ್ ಅಂದ್ರ ಓಡಬೇಕು, ಹೊಡದಾಡಬೇಕ್ರೀ. ಮುತ್ಯಾ ಸುಮ್ನ ನಡಕೋತ ಹೋಗೋದನ್ನ ಯಾವ ಕೂಸು ನೋಡತದ?” ಕಲಬುರಗಿಯ ಗೆಳೆಯರೆಲ್ಲ ಹೇಳಿದ್ದು ಇದನ್ನೇ. ಈಗ ಎರಡು-ಮೂರು ವರ್ಷದ ಕೂಸುಗಳು ನನ್ನ ಗೊಂಬೆ ಮುತ್ಯಾನ (ಅಜ್ಜನ) ಸಿನಿಮಾ ಮುಗಿದ ಕೂಡಲೇ “ಮತ್ತ ಹಚ್ಚು” ಅನ್ನುತ್ತವೆ. ಸ್ಟಾಪ್‌ಮೋಷನ್ (ಗೊಂಬೆಯನ್ನು ಚೂರುಚೂರೇ ಕದಲಿಸಿ ಒಂದೊಂದೇ ಚಿತ್ರ ತೆಗೆದು ಜೋಡಿಸುವುದು) ಮಾಡಿ ಗೊತ್ತಿದ್ದವರಿಗೆ ಇದನ್ನು ಬರೆದಿದ್ದೇನೆ.

ಯುರೋಪಿನ ಕತೆಗಳಲ್ಲಿ ಬರುವ ಗಿಡ್ಡ ಅಜ್ಜ ನೋಮ್‌ಗೆ ಚೂಪು ಕೆಂಪು ಟೊಪಿಗಿ. ಮೊದಲು ಮುತ್ಯಾನಿಗೂ ಅದನ್ನೇ ಹೊಲಿದಿದ್ದೆ, ಕೂಸುಗಳು ಕಣ್ಣೆತ್ತಿ ನೋಡಲಿಲ್ಲ. ಅದನ್ನು ಬಿಚ್ಚಿ ಕೂಸುಗಳಿಗೆ ಹಾಕುವ, ತಲೆಯಿಂದ ಬೆನ್ನಿನವರೆಗೆ ಇಳಿಯುವ ಕುಂಚಿಗಿ ತೊಡಿಸಿದ ಮೇಲೆ ಗುರುತು ಹಿಡಿದವು: ದೊಡ್ಡ ತಲೆ, ಗಿಡ್ಡ ಕಾಲು, ತಮ್ಮದೇ ಕುಂಚಿಗಿ. ನೋಮ್‌ನ ಅಣಬೆಮನೆಯೂ ಹೋಯಿತು. ಅದರ ಜಾಗಕ್ಕೆ ಒಣಗಿದ ಸೋರೆಬುರುಡೆ, ಸುತ್ತ ಕಾಡು ಮಾಡಲು ತೊಗರಿಕಟ್ಟಿಗೆ.

ದುಡ್ಡು ಹಾಳಾದದ್ದು ಗೊಂಬೆಯಲ್ಲೇ. ಮೇ ತಿಂಗಳ ಬಿಸಿಲಿಗೆ ಪ್ಲಾಸ್ಟಿಸಿನ್ (ಮೆತ್ತನೆ ಆಟದ ಮಣ್ಣು) ಮುಖ ಜೋತುಬಿತ್ತು. ಬೈಂಡಿಂಗ್ ತಂತಿಯ ಕಾಲು ಬಗ್ಗಿಸಿದರೆ ಸ್ವಲ್ಪ ಹಿಂದಕ್ಕೆ ಚಿಮ್ಮುತ್ತದೆ. ಒಂಟಿ ಅಲ್ಯೂಮಿನಿಯಂ ತಂತಿ ಮೊಣಕಾಲಲ್ಲಿ ಮುರಿಯಿತು. ಅಲ್ಲಿಗೆ ಸುಮಾರು 1,200 ರೂಪಾಯಿ ನೀರಿಗೆ ಹಾಕಿದಂತಾಯಿತು. ನಿಂತದ್ದು 2 ಮಿ.ಮೀ. ಅಲ್ಯೂಮಿನಿಯಂ ತಂತಿಯ ಜೋಡಿ ಹುರಿ, ಅರಿವೆಯ ಮುಖ, ಕುರಿ ಉಣ್ಣೆಯ ಗಡ್ಡ. ಗಡ್ಡ ಬಾಯಿ ಮುಚ್ಚುತ್ತದೆ, ಆದ್ದರಿಂದ ತುಟಿ ಆಡಿಸುವ ಕೆಲಸವೇ ಇಲ್ಲ. ಆದರೆ ಬೆರಳು ತಾಗಿದಾಗಲೆಲ್ಲ ಉಣ್ಣೆ ಅಲುಗಿ ಪರದೆಯಲ್ಲಿ ಕುದಿಯುವಂತೆ ಕಾಣುತ್ತದೆ. ನೀರು ಬೆರೆಸಿದ ಫೆವಿಕಾಲ್ ತೆಳ್ಳಗೆ ಸವರಿ, ಫ್ಯಾನ್ ಆರಿಸಬೇಕು. ರೆಪ್ಪೆ ಬಡಿಯುವ ಉಪಾಯ ಮಾತ್ರ ನನ್ನಲ್ಲೇ ಇರಲಿ.

ತಳಕ್ಕೆ ಶಹಾಬಾದ್ ಪರಸಿ, ಕದಲುವ ಮಾತೇ ಇಲ್ಲ. ಮೇಲೆ ತಗಡು, ಪಾದದೊಳಗೆ ನಿಯೋಡಿಮಿಯಂ ಅಯಸ್ಕಾಂತ. ನೆಲಕ್ಕೆ ಕಂಬಳಿ ಹಾಸಿದರೆ ದಪ್ಪಕ್ಕೆ ಹಿಡಿತ ತಪ್ಪಿ ಮುತ್ಯಾ ಮಗುಚುತ್ತಾನೆ. ಬಣ್ಣ ಬಳಿದ ತೆಳು ಅರಿವೆ ಸಾಕು. ವೋಲ್ಟೇಜ್ ಏರಿಳಿದು ಬೆಳಕು ಮಿಣುಕಿ ಒಂದು ರಾತ್ರಿಯ 400 ಚಿತ್ರ ಹಾಳಾದವು. ಈಗ ಎಲ್‌ಇಡಿ ಪಟ್ಟಿಗೆ 12 ವೋಲ್ಟ್ ಬ್ಯಾಟರಿ, ಕಿಟಕಿಗೆ ಆ ಕಂಬಳಿ. ಒಟ್ಟು ಖರ್ಚು 6,000ದ ಆಸುಪಾಸು, ಫೋನ್ ಬಿಟ್ಟು.

ಸೆಕೆಂಡಿಗೆ 12 ಚಿತ್ರ, 4 ನಿಮಿಷಕ್ಕೆ 2,880. ಮೊದಲು ಹೆಜ್ಜೆಗೆ 6 ಚಿತ್ರ ತೆಗೆದಿದ್ದೆ. ಕೂಸಿನ ಕಣ್ಣು ಹಿಂಬಾಲಿಸಲಿಲ್ಲ. 12ಕ್ಕೆ ಏರಿಸಿ, ಮುತ್ಯಾ ಏನಾದರೂ ಎತ್ತಿಕೊಳ್ಳುವ ಮುನ್ನ 2 ಸೆಕೆಂಡು ಸುಮ್ಮನೆ ನಿಲ್ಲಿಸಿದೆ. ಆ ನಿಲುಗಡೆಯಲ್ಲೇ ಕೂಸುಗಳು ಬೆರಳು ತೋರಿಸಿ ಮಾತಾಡುತ್ತವೆ. ಒಂದೊಂದು ಶಾಟ್ 8-10 ಸೆಕೆಂಡು, ಕ್ಯಾಮೆರಾ ಮುತ್ಯಾನ ಕಣ್ಣಿನ ಮಟ್ಟಕ್ಕೆ. ಉದ್ದ 4 ನಿಮಿಷಕ್ಕೇ ನಿಲ್ಲಿಸಿದ್ದಕ್ಕೂ ಕಾರಣವಿದೆ: 2ರಿಂದ 4 ವರ್ಷದವರು ಕೂತು ಪರದೆ ನೋಡುವುದು ದಿನಕ್ಕೆ 1 ತಾಸು ಮೀರಬಾರದು, ಕಡಿಮೆಯಾದಷ್ಟೂ ಒಳ್ಳೆಯದು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆಯ 2019ರ ಮಾರ್ಗಸೂಚಿ. ಮೂರು ಸಲ ಹಚ್ಚಿದರೂ 12 ನಿಮಿಷವೇ.

ನಡುವೆ ಬಿದರಿ ಕೆಲಸದ ಹಾಗೆ ಕಪ್ಪು ಹಿನ್ನೆಲೆ, ಬೆಳ್ಳಿ ಗೆರೆಯ ರಾತ್ರಿ ದೃಶ್ಯವನ್ನೂ ಮಾಡಿದೆ. ನನಗೆ ಬಹಳ ಹಿಡಿಸಿತ್ತು. ಕೂಸುಗಳು ಅಳುಮೋರೆ ಮಾಡಿದವು, ತೆಗೆದುಹಾಕಿದೆ.

ಹೆಜ್ಜೆ ಸದ್ದಿಗೆ ಮೊರದಲ್ಲಿ ಜೋಳ ಅಲುಗಿಸಿದ್ದು. ಸದ್ದನ್ನು ಚಿತ್ರಕ್ಕಿಂತ 1 ಸೆಕೆಂಡು ಮೊದಲೇ ಬಿಡಬೇಕು. ಮುತ್ಯಾ ಕಾಣುವ ಮೊದಲೇ ಕೂಸು “ಬಂದ” ಅನ್ನುತ್ತದೆ.